ಒಂದೇ ಸಲ ಕೇಳಿದ್ದು

ಮರಿಸ್ವಾಮಿಗೆ ಸಿಗಬೇಕಾಗಿದ್ದ ಪಾತ್ರವನ್ನು ನಾನು ತೆಗೆದುಕೊಂಡೆ. ಬೇಡಿ ತೆಗೆದುಕೊಳ್ಳಲಿಲ್ಲ, ಜಗಳವಾಡಿಯೂ ತೆಗೆದುಕೊಳ್ಳಲಿಲ್ಲ — ಅವನಾಡಿದ ಮಾತನ್ನು ಒಂದಕ್ಷರವೂ ತಪ್ಪದಂತೆ ಮಲಯಾಳಕ್ಕೆ ಅನುವಾದಿಸಿ ತೆಗೆದುಕೊಂಡೆ. ಬೆಳಕವಾಡಿಯ ರಸ್ತೆ ಬದಿಯ ಒಂದು ಟೀ ಅಂಗಡಿಯಲ್ಲಿ, ಮೂವತ್ತೈದು ವರ್ಷದ ಹಿಂದೆ. ಮಲಯಾಳ ಚಿತ್ರರಂಗದಲ್ಲಿ ನಟ, ಬರಹಗಾರ, ನಿರ್ದೇಶಕ ಎಂದು ನನ್ನ ಹೆಸರಿನ ಜೊತೆ ಏನೇನು ಸೇರಿಕೊಂಡಿದೆಯೋ ಅದೆಲ್ಲ ಶುರುವಾದದ್ದು ಆ ಅಂಗಡಿಯ ಬೆಂಚಿನ ಮೇಲೆ. ಹೋದ ವಾರದವರೆಗೆ ಇದನ್ನು ಯಾರಿಗೂ ಹೇಳಿರಲಿಲ್ಲ.

ಮಂಡ್ಯದಲ್ಲಿ ನನಗೊಂದು ಸನ್ಮಾನ ಇಟ್ಟುಕೊಂಡಿದ್ದಾರೆ. ಸ್ಮರಣ ಸಂಚಿಕೆಗೆ, ಸಿನಿಮಾಕ್ಕೆ ಹೇಗೆ ಬಂದಿರಿ ಅಂತ ನಾಲ್ಕು ಪುಟ ಬರೆದುಕೊಡಿ ಎಂದರು. ಆ ನಾಲ್ಕು ಪುಟ ನನ್ನ ಬಳಿ ಸದಾ ಸಿದ್ಧವಿರುತ್ತದೆ. ಎಷ್ಟು ಸಂದರ್ಶನಗಳಲ್ಲಿ ಹೇಳಿದ್ದೇನೆಂದರೆ ಎಲ್ಲಿ ನಗಬೇಕು, ಎಲ್ಲಿ ಒಂದು ಕ್ಷಣ ಸುಮ್ಮನಾಗಬೇಕು ಎಂಬುದೂ ಬಾಯಿಪಾಠ. ಈ ಸಲ ಬರೆಯಲು ಕೂತಾಗ ಕೈ ಬರಲಿಲ್ಲ. ಅದರ ಬದಲು ಇದನ್ನು ಕಳಿಸುತ್ತಿದ್ದೇನೆ. ಸನ್ಮಾನಕ್ಕೆ ಬರುವುದಿಲ್ಲ. ಇದನ್ನು ಅಚ್ಚು ಹಾಕುವುದೂ ಬಿಡುವುದೂ ಅವರಿಗೆ ಸೇರಿದ್ದು.

ನಮ್ಮಪ್ಪ ಹನಕೆರೆಯವರು, ಮಂಡ್ಯದ ಕಚೇರಿಯೊಂದರಲ್ಲಿ ಗುಮಾಸ್ತರಾಗಿದ್ದರು. ಅಮ್ಮ ಪಾಲಕ್ಕಾಡಿನ ಕಡೆಯವಳು, ನರ್ಸ್ ಕೆಲಸ ಸಿಕ್ಕಿ ಮದ್ದೂರಿಗೆ ಬಂದವಳು. ಹೀಗಾಗಿ ನನಗೆ ಎರಡು ಭಾಷೆ ಖರ್ಚಿಲ್ಲದೆ ಬಂದವು. ಅಮ್ಮ ಈ ಸೀಮೆಗೆ ಬಂದ ಹೊಸದರಲ್ಲಿ ಮಾಡಿದ ಒಂದು ತಪ್ಪನ್ನು ನಮ್ಮ ಮನೆಯಲ್ಲಿ ಹಬ್ಬ ಹಬ್ಬಕ್ಕೂ ಹೇಳಿಕೊಂಡು ನಗುತ್ತಿದ್ದರು. ಹನಕೆರೆಯ ಮನೆಗೆ ನೆಂಟರು ಬಂದಿದ್ದರು. ಹೊಸ ಸೊಸೆ ಬಡಿಸಲು ನಿಂತಳು. ಇನ್ನೊಂದು ಮುದ್ದೆ ಇಡಲೇ ಎಂದು ಕೇಳಿದಳು. ಸಾಕು ಎಂದರು ನೆಂಟರು. ಅಮ್ಮ ಪಾತ್ರೆ ಎತ್ತಿಕೊಂಡು ಒಳಗೆ ಹೋಗಿಬಿಟ್ಟಳು. ಆರು ಜನ ಗಟ್ಟಿ ಆಳುಗಳು ಅರೆಹೊಟ್ಟೆಯಲ್ಲಿ ಎದ್ದು ಕೈ ತೊಳೆದುಕೊಂಡರು. ಅಜ್ಜಿ ಅಡುಗೆಮನೆಗೆ ಬಂದು ತಲೆ ಚಚ್ಚಿಕೊಂಡಳಂತೆ.

"ಸಾಕು ಅಂದ್ರೆ ಸಾಕು ಅಂತಾನೇನಮ್ಮಿ? ಮೂರ್ ಸಲ ಕೇಳ್ಬೇಕು ಕಣಮ್ಮಿ. ಮೊದ್ಲುನೇ ಸಲುಕ್ಕೇ ಊಂ ಅಂದ್ಬುಟ್ರೆ ಒಟ್ಟೆಬಾಕ ಅನ್ನಾಕಿಲ್ವಾ ಜನ?"

ಅಮ್ಮ ಆ ಪಾಠವನ್ನು ಕೊನೆಯವರೆಗೂ ಮರೆಯಲಿಲ್ಲ, ನನಗೂ ಕಲಿಸಿದಳು. ಇಲ್ಲಿಯ ಜನ ಎಲ್ಲವನ್ನೂ ಮುಖಕ್ಕೆ ಹೊಡೆದ ಹಾಗೆ ಹೇಳುತ್ತಾರೆ ಮಗನೇ, ತಮಗೆ ಬೇಕಾದದ್ದೊಂದನ್ನು ಬಿಟ್ಟು — ಎನ್ನುತ್ತಿದ್ದಳು. ಇದನ್ನು ಇಷ್ಟು ಉದ್ದ ಹೇಳಲು ಕಾರಣವಿದೆ. ನನಗೆ ಗೊತ್ತಿರಲಿಲ್ಲ ಎಂದು ಯಾರೂ ನನ್ನ ಪರವಾಗಿ ಹೇಳಬಾರದು. ನನಗಿಂತ ಚೆನ್ನಾಗಿ ಇದು ಗೊತ್ತಿದ್ದವನು ಆ ದಿನ ಆ ಅಂಗಡಿಯಲ್ಲಿ ಇನ್ನೊಬ್ಬನಿರಲಿಲ್ಲ.

ಅಮ್ಮನಿಗೆ ಮಳವಳ್ಳಿಗೆ ವರ್ಗವಾದ ಮೇಲೆ ನಾನು ಅಲ್ಲಿಯ ಒಂದು ನಾಟಕದ ತಂಡ ಸೇರಿಕೊಂಡೆ. ಪೌರಾಣಿಕ ನಾಟಕ, ಹಾರ್ಮೋನಿಯಂ ಮೇಷ್ಟ್ರು, ಎರಡು ತಿಂಗಳ ತಾಲೀಮು, ಬಾಡಿಗೆ ಕಿರೀಟ. ಹಲಗೂರು, ಬೆಳಕವಾಡಿ, ಕರೆದ ಕಡೆಗೆಲ್ಲ ಹೋಗಿ ಆಡುತ್ತಿದ್ದೆವು. ನಟನಾಗಬೇಕೆಂಬ ಹುಚ್ಚು ನನಗೆ ಎಷ್ಟಿತ್ತೋ ಮೇಷ್ಟ್ರಿಗೆ ನನ್ನ ಮೇಲೆ ನಂಬಿಕೆ ಅಷ್ಟೇ ಕಡಿಮೆಯಿತ್ತು. ಆರು ನಾಟಕಗಳಲ್ಲಿ ಆರು ಸಲವೂ ದ್ವಾರಪಾಲಕ. ಭರ್ಜಿ ಹಿಡಿದು ನಿಂತು, ಜಯವಾಗಲಿ ಪ್ರಭು ಎಂದು ಒಳಗೆ ಹೋಗುವುದು. ಒಮ್ಮೆ ಭರ್ಜಿಯೂ ಇರಲಿಲ್ಲ.

ಮರಿಸ್ವಾಮಿ ಆ ತಂಡದ ಜೀವ. ಬೆಳಕವಾಡಿಯವನು, ನನ್ನ ಓರಗೆಯವನು. ಸುಟ್ಟುಹೋದ ಪಂಪ್‌ಸೆಟ್ ಮೋಟಾರುಗಳಿಗೆ ತಾಮ್ರದ ತಂತಿ ಸುತ್ತುವ ಅಂಗಡಿ ಇಟ್ಟುಕೊಂಡಿದ್ದ. ಸುತ್ತು ಎಣಿಸುತ್ತಿರುವಾಗ ಯಾರು ಮಾತಾಡಿಸಿದರೂ ಒಂದು ಬೆರಳೆತ್ತಿ ತಡೆಯುತ್ತಿದ್ದ — ಲೆಕ್ಕ ತಪ್ಪಿದರೆ ಎಲ್ಲ ಬಿಚ್ಚಿ ಮೊದಲಿಂದ ಸುತ್ತಬೇಕು. ರಂಗದ ಮೇಲೂ ಅವನದು ಅದೇ ಗಮನ. ಅವನು ಮಾತಾಡುವಾಗಲಲ್ಲ, ಬೇರೆಯವರು ಮಾತಾಡುವಾಗ ಅವನು ಕೇಳಿಸಿಕೊಳ್ಳುವುದನ್ನು ನೋಡಬೇಕಿತ್ತು. ಅಷ್ಟಾದರೂ ಅವನು ಎಂದೂ ಒಂದೇ ಮಾತಿಗೆ ಪಾತ್ರ ಒಪ್ಪಿದವನಲ್ಲ. ನಮ್ಮಲ್ಲಿ ಯಾರೂ ಒಪ್ಪುತ್ತಿರಲಿಲ್ಲ, ಅದು ತಂಡದ ಕಟ್ಟಳೆಯೇ ಆಗಿತ್ತು. ಮೇಷ್ಟ್ರು ಮೊದಲ ಸಲ ಕೇಳಿದಾಗ, ನಮಗ್ಯಾಕೆ ಬಿಡಿ, ಬೇರೆ ಯಾರಿಗಾದರೂ ಕೊಡಿ ಎನ್ನಬೇಕು. ಎರಡನೆಯ ಸಲ ಸುಮ್ಮನಿರಬೇಕು — ಆಗ ಮರಿಸ್ವಾಮಿ ತಲೆ ತಗ್ಗಿಸಿ ಬಲಗೈಯಿಂದ ಕತ್ತಿನ ಹಿಂಭಾಗ ಉಜ್ಜಿಕೊಳ್ಳುತ್ತಿದ್ದ. ಮೂರನೆಯ ಸಲ ಮೇಷ್ಟ್ರು ವೀಳ್ಯದೆಲೆ ಮುಂದೆ ಹಿಡಿದಾಗ ಎರಡೂ ಕೈಯಲ್ಲಿ ತೆಗೆದುಕೊಳ್ಳಬೇಕು.

ಆ ವರ್ಷ ಕೇರಳದಿಂದ ಒಬ್ಬ ಸಿನಿಮಾ ನಿರ್ದೇಶಕರು ಈ ಕಡೆ ಚಿತ್ರೀಕರಣಕ್ಕೆ ಜಾಗ ನೋಡಲು ಬಂದರು. ಹಿರಿಯರು, ದೊಡ್ಡ ಹೆಸರು. ಎಲ್ಲರೂ ಅವರನ್ನು ಮಾಷ್ ಎನ್ನುತ್ತಿದ್ದರು, ಅಂದರೆ ಮೇಷ್ಟ್ರು. ಮಂಡ್ಯದ ಕಡೆಯಿಂದ ಕೇರಳಕ್ಕೆ ಬೆಲ್ಲ ಮಾರಲು ಹೋಗಿ, ಭಾಷೆ ಬಾರದ ಒಂದು ಊರಿನಲ್ಲೇ ಉಳಿದುಬಿಡುವ ವ್ಯಾಪಾರಿಯ ಕಥೆ ಅವರದು. ಮಲಯಾಳ ಬಲ್ಲ ಸ್ಥಳೀಯ ಬೇಕೆಂದು ಯಾರೋ ನರ್ಸಮ್ಮನ ಮಗನಾದ ನನ್ನನ್ನು ತೋರಿಸಿದರು. ಹತ್ತು ದಿನ ಅವರ ಕಾರಿನಲ್ಲಿ ಸುತ್ತಿದೆ. ಶಿವನಸಮುದ್ರದ ದಾರಿ, ಆಲೆಮನೆಗಳು, ಕಾಲುವೆ ಏರಿ. ಅವರು ಏನು ಕೇಳಿದರೂ ನಾನು ಕನ್ನಡದಲ್ಲಿ ಕೇಳುವುದು, ಜನ ಏನು ಹೇಳಿದರೂ ಮಲಯಾಳದಲ್ಲಿ ಹೇಳುವುದು. ವ್ಯಾಪಾರಿಯ ಪಾತ್ರಕ್ಕೆ ಇನ್ನೂ ಯಾರೂ ಸಿಕ್ಕಿಲ್ಲ ಎಂದು ಎರಡನೆಯ ದಿನವೇ ತಿಳಿಯಿತು. ಆಮೇಲಿನ ಎಂಟು ದಿನ ನಾನು ಅವರ ಪಕ್ಕದಲ್ಲಿ ಕೂತಾಗಲೆಲ್ಲ ಮುಖವನ್ನು ಕಿಟಕಿಯ ಬೆಳಕು ಬೀಳುವ ಹಾಗೆ ಇಟ್ಟುಕೊಂಡಿರುತ್ತಿದ್ದೆ — ಈಗ ನೆನೆದರೆ ನಗು ಬರುತ್ತದೆ. ಅವರು ಒಂದು ಸಲವೂ ನೋಡಲಿಲ್ಲ.

ಒಂಬತ್ತನೆಯ ದಿನ ಭಾನುವಾರ. ಬೆಳಕವಾಡಿಯ ಶಾಲೆಯಲ್ಲಿ ನಮ್ಮ ತಾಲೀಮು ನಡೆಯುತ್ತಿತ್ತು. ಮಾಷ್ ನೋಡಬೇಕೆಂದರು, ಕರೆದುಕೊಂಡು ಹೋದೆ. ಮಗನನ್ನು ಕಳೆದುಕೊಂಡ ತಂದೆಯ ಪಾತ್ರದಲ್ಲಿ ಮರಿಸ್ವಾಮಿ ಸುಮ್ಮನೆ ಕೂತಿದ್ದ. ದೂತ ಬಂದು ಸುದ್ದಿ ಹೇಳುವ ದೃಶ್ಯ. ಮಾಷ್ ಕನ್ನಡದ ಒಂದು ಪದವೂ ಅರ್ಥವಾಗದೆ ಮುಕ್ಕಾಲು ಗಂಟೆ ಅಲ್ಲಾಡದೆ ನಿಂತರು. ಆಮೇಲೆ ನನ್ನ ತೋಳು ಹಿಡಿದು, ಇವನೇ, ಎಂದರು. ತೋಳು ಹಿಡಿದದ್ದು ನನ್ನದು.

ಮರುದಿನ ಬೆಳಿಗ್ಗೆ ಮರಿಸ್ವಾಮಿಯನ್ನು ಟೀ ಅಂಗಡಿಗೆ ಕರೆಸಿದೆವು. ಕೈಯಲ್ಲಿ ಮೋಟಾರಿನ ತಂತಿಗೆ ಹಚ್ಚುವ ವಾರ್ನಿಷ್ ಅಂಟಿಕೊಂಡಿತ್ತು, ಪಂಚೆಗೆ ಒರೆಸಿಕೊಂಡು ಬೆಂಚಿನ ತುದಿಯಲ್ಲಿ ಕೂತ. ಮಾಷ್ ಕಥೆ ಹೇಳಿದರು, ನಾನು ಅನುವಾದಿಸಿದೆ. ಕೊನೆಗೆ, ಈ ಪಾತ್ರ ನೀವು ಮಾಡಬೇಕು, ನನ್ನ ಜೊತೆ ಬರುತ್ತೀರಾ ಎಂದು ಕೇಳಿದರು. ಅದನ್ನೂ ಅನುವಾದಿಸಿದೆ. ಮರಿಸ್ವಾಮಿಯ ಕಿವಿ ಕೆಂಪಾಯಿತು. ಅವನು ಎಷ್ಟು ಖುಷಿಯಾಗಿದ್ದಾನೆ ಎಂದು ನನಗೆ ಕಂಡಿತು — ನನಗೊಬ್ಬನಿಗೇ ಕಂಡಿತು.

"ಅಯ್, ನಮ್ಗ್ಯಾಕ್ ಬುಡಿ ಸಾ ಸಿನ್ಮಾ. ಮೋಟ್ರು ಸುತ್ಕಂಡ್ ಇರೋರು ನಾವು. ಬ್ಯಾಡ ಬುಡಿ."

ಮಾಷ್ ನನ್ನ ಕಡೆ ತಿರುಗಿದರು.

"ಬೇಡವಂತೆ," ಎಂದೆ.

ಇದರಲ್ಲಿ ಸುಳ್ಳು ಎಲ್ಲಿದೆ. ಬೇಡ ಎಂದ, ಬೇಡವಂತೆ ಎಂದೆ. ಆದರೆ ಮಾಷ್ ಜಾಣರು, ಜೀವನವಿಡೀ ಮುಖಗಳನ್ನು ನೋಡಿದವರು. ಅವರು ಮರಿಸ್ವಾಮಿಯನ್ನೇ ನೋಡುತ್ತಾ ಕೇಳಿದರು — ಇನ್ನೊಮ್ಮೆ ಕೇಳಿ ನೋಡು; ಒತ್ತಾಯ ಮಾಡಿದರೆ ಬರುತ್ತಾನೆ ಅನಿಸುತ್ತದೆ, ಅಲ್ಲವೇ. ಮರಿಸ್ವಾಮಿಗೆ ಮಲಯಾಳ ಬಾರದು. ನಮ್ಮಿಬ್ಬರ ಬಾಯಿಗಳನ್ನು ಒಂದಾದ ಮೇಲೊಂದು ನೋಡುತ್ತಾ ಕಾಯುತ್ತಿದ್ದ. ಆಗಲೇ ಅವನ ಬಲಗೈ ನಿಧಾನವಾಗಿ ಕತ್ತಿನ ಹಿಂದಕ್ಕೆ ಹೋಗುತ್ತಿತ್ತು — ಎರಡನೆಯ ಸಲ ಕೇಳಿದ್ದಾರೆ ಎಂದು ಅವನಿಗೆ ಭಾಷೆಯಿಲ್ಲದೆಯೇ ಗೊತ್ತಾಗಿತ್ತೋ ಏನೋ —

"ಇಲ್ಲ ಮಾಷ್," ಎಂದೆ. "ನಮ್ಮ ಮಂಡ್ಯದವರು ನೇರ ಮಾತಿನವರು. ಇಲ್ಲ ಅಂದರೆ ಇಲ್ಲ."

ಮಾಷ್ ಎದ್ದು ಅವನಿಗೆ ಕೈ ಮುಗಿದರು. ಅವನು ಗಲಿಬಿಲಿಯಿಂದ ಎದ್ದು ತಾನೂ ಮುಗಿದ. ಏನಂದರು ಎಂದು ನನ್ನ ಮುಖ ನೋಡಿದ. ಹೊತ್ತಾಯಿತಂತೆ, ಹೊರಡುತ್ತಾರಂತೆ, ಎಂದೆ.

ಮಳವಳ್ಳಿ ದಾಟಿ ಮದ್ದೂರಿನ ದಾರಿ ಹಿಡಿದೆವು. ಮದ್ದೂರು ಹತ್ತಿರ ಬಂದಾಗ ಮಾಷ್ ಮೊದಲ ಬಾರಿಗೆ ನನ್ನ ಮುಖವನ್ನು ಪೂರ್ತಿಯಾಗಿ ನೋಡಿದರು. ಎರಡೂ ಭಾಷೆ ಬರುತ್ತದೆ, ನಾಟಕವೂ ಗೊತ್ತು — ನೀನೇ ಯಾಕೆ ಮಾಡಬಾರದು ಎಂದರು. ಅವರ ದನಿಯಲ್ಲಿ ಉತ್ಸಾಹವೇನೂ ಇರಲಿಲ್ಲ, ದಣಿವಿತ್ತು. ನಾನು ಮೊದಲನೆಯ ಸಲಕ್ಕೇ ಆಗಲಿ ಎಂದೆ. ಅವರ ಮಾತು ಮುಗಿಯುವ ಮುಂಚೆಯೇ ಎಂದೆನೇನೋ.

ಆಮೇಲಿನದು ಎಲ್ಲರಿಗೂ ಗೊತ್ತಿರುವ ಕಥೆ. ಬೆಲ್ಲದ ವ್ಯಾಪಾರಿಯ ಚಿತ್ರ ಚೆನ್ನಾಗಿ ಓಡಿತು. ಚಿತ್ರೀಕರಣದಲ್ಲಿ ನನಗೆ ನಟನೆ ಬಾರದೆ ಮಾಷ್ ತಲೆ ಕೆಡಿಸಿಕೊಂಡಿದ್ದಾಗ ನಾನು ಮರಿಸ್ವಾಮಿಯನ್ನು ನೆನೆದುಕೊಂಡು ಅವನು ಮಾಡುತ್ತಿದ್ದ ಹಾಗೆ ಮಾಡಿದೆ: ಸುಮ್ಮನೆ ಕೇಳಿಸಿಕೊಂಡೆ, ತಲೆ ತಗ್ಗಿಸಿದೆ, ಕತ್ತಿನ ಹಿಂಭಾಗ ಉಜ್ಜಿಕೊಂಡೆ. ಅದೇ ನನ್ನ ಗುರುತಾಯಿತು. ಇವತ್ತಿಗೂ ಕೇರಳದ ಮಿಮಿಕ್ರಿ ಹುಡುಗರು ನನ್ನನ್ನು ಅನುಕರಿಸಬೇಕಾದರೆ ಮಾತೇ ಆಡುವುದಿಲ್ಲ. ಕೈಯನ್ನು ಕತ್ತಿನ ಹಿಂದಕ್ಕೆ ಒಯ್ಯುತ್ತಾರೆ, ಸಭೆ ಚಪ್ಪಾಳೆ ತಟ್ಟುತ್ತದೆ. ಬೆಳಕವಾಡಿಯ ಮೋಟಾರ್ ಅಂಗಡಿಯವನನ್ನು ಕೊಚ್ಚಿಯ ಜನ ಹೀಗೆ ದಿನಾ ನೋಡುತ್ತಿದ್ದಾರೆ, ಅವನ ಹೆಸರು ಗೊತ್ತಿಲ್ಲದೆ.

ಮಾಷ್ ಜೊತೆ ಸಹಾಯಕನಾಗಿ ನಿಂತೆ, ಸಂಭಾಷಣೆ ಬರೆದೆ, ಚಿತ್ರಕಥೆ ಬರೆದೆ, ಅವರು ಹೋದ ಮೇಲೆ ನಿರ್ದೇಶನಕ್ಕೂ ಇಳಿದೆ. ಒಂದೇ ಚಿತ್ರಕ್ಕೆ ಬರೆದು, ಅದರಲ್ಲೇ ನಟಿಸಿ, ಕ್ಯಾಮೆರಾದ ಈಚೆಗೂ ಆಚೆಗೂ ಓಡಾಡುತ್ತಿದ್ದ ದಿನಗಳವು. ಕೆಲಸ ಕದ್ದದ್ದಲ್ಲ, ದುಡಿದೆ, ಅದನ್ನೂ ಹೇಳಬೇಕು. ಆದರೆ ನಾನು ಬರೆದ ಪ್ರತಿ ಚಿತ್ರದಲ್ಲೂ ಒಂದಲ್ಲ ಒಂದು ಕಡೆ ಯಾರೋ ಒಬ್ಬರು ಬಾಗಿಲ ಬಳಿ ನಿಂತಿರುತ್ತಾರೆ, ಒಳಗಿನಿಂದ ಇನ್ನೊಮ್ಮೆ ಕರೆಯಲಿ ಎಂದು. ವಿಮರ್ಶಕರು ಅದನ್ನು ಮೌನದ ಭಾಷೆ ಎಂದು ಹೊಗಳಿದರು. ಓದಿ ಪತ್ರಿಕೆ ಮಡಚಿಡುತ್ತಿದ್ದೆ.

ಸಂದರ್ಶನಗಳಲ್ಲಿ ಆ ಟೀ ಅಂಗಡಿ ಮಾತ್ರ ಸಣ್ಣದಾಗುತ್ತಾ ಹೋಯಿತು. ಮೊದಮೊದಲು, ನಾನೂ ನನ್ನ ಗೆಳೆಯನೂ ಕೂತಿದ್ದೆವು ಎನ್ನುತ್ತಿದ್ದೆ. ಆಮೇಲೆ, ಅಲ್ಲಿ ಒಂದಿಬ್ಬರು ಇದ್ದರು. ಕೊನೆಕೊನೆಗೆ ಮಾಷ್ ಬೆಂಚಿನ ಮೇಲೆ ಒಬ್ಬನೇ ಕೂತಿದ್ದ ನನ್ನನ್ನು ಕಂಡರು ಎಂದಾಯಿತು. ಈಗ ನಿಜಕ್ಕೂ ಒಬ್ಬನೇ ಇದ್ದೇನೆ. ಕೊಚ್ಚಿಯಲ್ಲಿ ಹನ್ನೊಂದನೆಯ ಮಹಡಿಯ ಮನೆ. ಅಡುಗೆಯಾಕೆ ಮೇಜಿನ ಮೇಲೆ ಮುಚ್ಚಿಟ್ಟು ಹೋಗುತ್ತಾಳೆ. ಬೇಕಾದರೆ ಉಂಡೆ, ಬೇಡವಾದರೆ ಫ್ರಿಜ್ಜು. ಬೇಡ ಎಂದರೆ ಮತ್ತೊಮ್ಮೆ ಕೇಳುವವರು ಯಾರೂ ಇಲ್ಲದ ಮನೆಯಲ್ಲಿ ಬೇಡ ಎನ್ನುವುದಕ್ಕೂ ಮನಸ್ಸು ಬರುವುದಿಲ್ಲ.

ಹದಿನೈದು ವರ್ಷದ ಹಿಂದೆ ಅಮ್ಮ ತೀರಿಕೊಂಡಾಗ ಬಂದಿದ್ದೆ. ಕರ್ಮಾಂತರ ಮುಗಿಸಿ ಒಂದು ಮಧ್ಯಾಹ್ನ ಬೆಳಕವಾಡಿಗೆ ಹೋದೆ. ಮರಿಸ್ವಾಮಿ ಅಂಗಡಿಯಿಂದ ಓಡಿಬಂದು ತಬ್ಬಿಕೊಂಡ.

"ಏನ್ಲಾ ಸುದಾಕ್ರ, ನರ್ಸಮ್ಮೋರು ಓಗ್ಬುಟ್ರಂತಲ್ಲೋ. ಬಾ, ಊಟಕ್ ಏಳು."

ಬೇಡ ಎಂದೆ. ಮತ್ತೆ ಕರೆದ. ಸುಮ್ಮನಿದ್ದೆ. ಮೂರನೆಯ ಸಲ ರಟ್ಟೆ ಹಿಡಿದು ಎಳೆದುಕೊಂಡು ಹೋಗಿ ಕೂರಿಸಿದ. ಅವನ ಹೆಂಡತಿ ಗೌರಮ್ಮ ಮುದ್ದೆ, ಸೊಪ್ಪಿನ ಬಸ್ಸಾರು ಬಡಿಸಿದಳು. ಅವನು ಕೈ ತೊಳೆಯಲು ಹಿತ್ತಲಿಗೆ ಹೋದಾಗ ಆಕೆ ನನಗೆ ಮಾತ್ರ ಕೇಳುವ ಹಾಗೆ ಹೇಳಿದಳು.

"ಆವತ್ತು ಸಿನ್ಮಾದವ್ರು ಬಂದೋದ್ಮೇಲೆ ಎಲ್ಡ್ ದಿನ ಅಂಗ್ಡಿ ಬಾಗ್ಲೇ ತಗೀನಿಲ್ಲ ಕಣಣ್ಣ. ಒಗ್ದಿರೋ ಅಂಗಿ ಇಕ್ಕಂಡು ಬಸ್‌ಸ್ಟಾಪಲ್ಲಿ ನಿಂತಿದ್ರು, ತಿರ್ಗಾ ಕೇಳಾಕ್ ಬತ್ತಾರೆ ಅಂತವ. ಆಮೇಕೆ, ಒಂದೇ ಸಲ ಕೇಳ್ಬುಟ್ಟು ಓದ್ರು ಅಂದ್ರೆ ಬರೀ ಬಾಯ್ಮಾತ್ಗೆ ಕೇಳ್ದಂಗೆ ಕಣಮ್ಮಿ, ನನ್ ಆಟ ಅವ್ರಿಗೆ ಇಡಿಸ್ನಿಲ್ಲ ಅಂದ್ರು. ಅವತ್ಲಿಂದ ನಾಟ್ಕುದ್ ಕಡೀಕೇ ಓಗಿಲ್ಲ."

ಅವನು ಮತ್ತೆಂದೂ ವೀಳ್ಯ ಹಿಡಿಯಲಿಲ್ಲ. ಹಾರ್ಮೋನಿಯಂ ಮೇಷ್ಟ್ರು ಮನೆಗೇ ಬಂದು ಕೇಳಿದರೂ ಒಪ್ಪಲಿಲ್ಲವಂತೆ. ಪಾತ್ರವೊಂದನ್ನು ಮಾತ್ರ ನಾನು ತೆಗೆದುಕೊಂಡೆ ಎಂದುಕೊಂಡಿದ್ದೆ. ತಾನು ನಟ ಎಂಬ ಅವನ ನಂಬಿಕೆಯನ್ನೇ ತೆಗೆದುಕೊಂಡಿದ್ದೆ. ಗೌರಮ್ಮನ ಮಾತು ಮುಗಿಯುವಷ್ಟರಲ್ಲಿ ಅವನು ಕೈ ಒರೆಸಿಕೊಂಡು ಒಳಗೆ ಬಂದ, ಇನ್ನೊಂದು ಮುದ್ದೆ ಇಕ್ಕಮ್ಮಿ ಅವನಿಗೆ ಎಂದ. ನಾನು ಉಂಡೆ. ಏನೂ ಹೇಳದೆ ಕೊಚ್ಚಿಗೆ ಹೋದೆ. ಹದಿನೈದು ವರ್ಷ ಈ ಕಡೆ ತಲೆ ಹಾಕಲಿಲ್ಲ.

ಹೋದ ವಾರ ಮತ್ತೆ ಹೋದೆ. ಹೊಟ್ಟೆಗೇನೂ ಹಾಕಿಕೊಳ್ಳದೆ ಮೈಸೂರಿನಿಂದ ಬೆಳಿಗ್ಗೆಯೇ ಬಸ್ಸು ಹತ್ತಿದ್ದೆ. ಅವನೀಗ ಅಂಗಡಿ ಬಿಟ್ಟು ಮನೆಯ ಜಗಲಿಯಲ್ಲೇ ಕೆಲಸ ಮಾಡುತ್ತಾನೆ. ಕನ್ನಡಕದ ಹಿಂದೆ ಕಣ್ಣು ಸಣ್ಣಗಾಗಿವೆ. ನನ್ನನ್ನು ಕಂಡು ನಕ್ಕು, ಕೂತ್ಕ ಬಾ ಎನ್ನುವಂತೆ ತಲೆಯಾಡಿಸಿ, ಬೆರಳೆತ್ತಿ ತಡೆದ — ಸುತ್ತು ಎಣಿಸುತ್ತಿದ್ದ. ನಾನು ತಡೆದುಕೊಳ್ಳಲಿಲ್ಲ. ತಡೆದರೆ ಮತ್ತೆ ಹೇಳಲಾರೆ ಎಂದು ಹೆದರಿದೆ. ಎಲ್ಲ ಹೇಳಿದೆ. ಮಾಷ್ ಕೇಳಿದ್ದು, ನಾನು ಹೇಳಿದ್ದು, ಮದ್ದೂರಿನ ದಾರಿ. ಇದಕ್ಕೆ ಕ್ಷಮೆ ಕೇಳಲು ನನಗೆ ಮುಖವಿಲ್ಲ, ಆದರೂ — ಎಂದು ಅಲ್ಲಿಗೆ ನಿಲ್ಲಿಸಿದೆ.

ಅವನ ಕೈ ಯಾವಾಗ ನಿಂತಿತ್ತೋ ಗೊತ್ತಿಲ್ಲ. ತಂತಿಯಿಂದ ಕಣ್ಣೆತ್ತದೆ ಕೇಳಿದ.

"ಇನ್ನೊಂದ್ ಸಲ ಕೇಳು ಅಂದ್ರಾ ಅವ್ರು?"

"ಅಂದರು."

"ಅಂಗಾರೆ ಎಲ್ಡ್ನೇ ಸಲ ಕೇಳುದ್ರು."

ಅಷ್ಟೇ. ಬೈಯಲಿಲ್ಲ. ಲೆಕ್ಕ ತಪ್ಪಿಹೋಗಿದ್ದ ತಂತಿಯನ್ನು ತುದಿ ಹಿಡಿದು ಬಿಚ್ಚತೊಡಗಿದ. ಒಂದೊಂದೇ ಸುತ್ತು, ಮೊದಲಿನವರೆಗೂ. ಪೂರ್ತಿ ಬಿಚ್ಚುವವರೆಗೆ ನಾನು ಎದುರಿಗೆ ಕೂತಿದ್ದೆ. ಒಳಗಿನಿಂದ ಸಾರಿನ ವಾಸನೆ ಬಂತು; ಗೌರಮ್ಮ ಎರಡು ತಟ್ಟೆ ಹಿಡಿದು ಬಾಗಿಲಿಗೆ ಬಂದಳು. ಮರಿಸ್ವಾಮಿ ಎದ್ದು ಪಂಚೆ ಕೊಡವಿಕೊಂಡ. ನನ್ನ ಕಡೆ ನೋಡದೆ ಕೇಳಿದ.

"ಊಟ ಮಾಡ್ತೀರಾ?"

ನಲವತ್ತು ವರ್ಷದಲ್ಲಿ ಅವನು ನನ್ನನ್ನು ಬಹುವಚನದಲ್ಲಿ ಮಾತಾಡಿಸಿದ್ದು ಅದೇ ಮೊದಲು. ಹಸಿವಾಗಿತ್ತು. ಉಣ್ಣಬೇಕೆಂದು ಪ್ರಾಣ ಹೋಗುತ್ತಿತ್ತು. ಆದರೆ ಈ ಸೀಮೆಯ ನಾಲಗೆ — ಅದು ತನ್ನ ಅಭ್ಯಾಸದಂತೆ ನುಡಿಯಿತು.

"ಬೇಡ ಬಿಡು."

"ಅದೆಂಗಾದದು, ಬನ್ನಿ ಅಣ್ಣ —" ಎಂದು ಗೌರಮ್ಮ ಶುರುಮಾಡಿದಳು.

"ಬ್ಯಾಡ್ವಂತೆ ಕಣಮ್ಮಿ," ಎಂದ ಮರಿಸ್ವಾಮಿ. "ಒಂದೇ ತಟ್ಟೆ ಇಕ್ಕು."

ಒಳಗೆ ಹೋದ. ಗೌರಮ್ಮ ಇನ್ನೊಂದು ತಟ್ಟೆಯನ್ನು ಹಿಡಿದುಕೊಂಡು ಒಂದು ಗಳಿಗೆ ಹೊಸ್ತಿಲಲ್ಲಿ ನಿಂತಿದ್ದಳು, ಆಮೇಲೆ ಆಕೆಯೂ ಹೋದಳು. ನಾನು ಚಪ್ಪಲಿ ಮೆಟ್ಟಿಕೊಂಡು ರಸ್ತೆಗೆ ಬಂದೆ. ಬಸ್‌ಸ್ಟಾಪಿನಿಂದ ಅವನ ಮನೆಯ ಬಾಗಿಲು ಕಾಣುತ್ತದೆ. ಮಳವಳ್ಳಿಯ ಒಂದು ಬಸ್ಸು ಬಂತು, ಹತ್ತಲಿಲ್ಲ. ಇನ್ನೊಂದಕ್ಕೆ ಮುಕ್ಕಾಲು ಗಂಟೆ ಹಿಡಿಯಿತು. ಅಲ್ಲಿಯವರೆಗೂ ಆ ಬಾಗಿಲನ್ನೇ ನೋಡುತ್ತಾ ನಿಂತಿದ್ದೆ, ಎರಡನೆಯ ಸಲ ಕರೆಯುತ್ತಾನೇನೋ ಎಂದು. ಅದೇ ಜಾಗದಲ್ಲಿ ಅವನು ಎರಡು ದಿನ ನಿಂತಿದ್ದ.